ಯಂತ್ರಕ್ಕೆ ಕಟ್ಟಿದ ಬಟ್ಟೆ

ನನಗೆ ಕೊಳೆ ಅಂದರೆ ಆಗುವುದಿಲ್ಲ. ಇದನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು. ಮುಂದೆ ಆದ ಅನಾಹುತಕ್ಕೆಲ್ಲ ಅದೇ ಬುಡ. ಬಸ್ಸಿನ ಕಂಬಿ ಹಿಡಿದರೆ ಮನೆಗೆ ಬಂದು ಮೂರು ಸಲ ಕೈ ತೊಳೆಯುವವಳು ನಾನು. ಹೋಟೆಲಿನ ಲೋಟದ ಅಂಚಿನಲ್ಲಿ ಬೆರಳಿನ ಗುರುತು ಕಂಡರೆ ಕಾಫಿಯನ್ನು ಹಾಗೇ ಬಿಟ್ಟು ಎದ್ದು ಬರುತ್ತೇನೆ. ಇಂಥವಳಿಗೆ ಸಿಕ್ಕ ಕೆಲಸವೋ, ಧೂಳು ತೂಗುವುದು.

ಸೇಲಂನಲ್ಲಿ ನಮ್ಮದು ಕನ್ನಡ ಮಾತಾಡುವ ಮನೆ. ಅಪ್ಪ ರೈಲ್ವೆಯಲ್ಲಿದ್ದರು, ಅಮ್ಮ ಟೀಚರ್. ನಾನು ಓದಿದ್ದೆಲ್ಲ ತಮಿಳು ಮತ್ತು ಇಂಗ್ಲಿಷು. ಕನ್ನಡ ಅಕ್ಷರ ಕಲಿಸಿದವಳು ಅಜ್ಜಿ, ಅಡುಗೆಮನೆಯ ನೆಲದ ಮೇಲೆ ರಂಗೋಲಿ ಪುಡಿ ಹರಡಿ, ನನ್ನ ಬೆರಳು ಹಿಡಿದು. ಬರೆದಾದ ಮೇಲೆ ಬೆರಳಿಗೆ ಅಂಟಿದ ಪುಡಿಯನ್ನು ಆಗಲೂ ಓಡಿಹೋಗಿ ತೊಳೆದುಕೊಳ್ಳುತ್ತಿದ್ದೆನಂತೆ. ಕೆಮಿಸ್ಟ್ರಿ ಮುಗಿಸಿದ ಮೇಲೆ ಊರಿನಲ್ಲೇ ಒಂದು ಸಣ್ಣ ಖಾಸಗಿ ಲ್ಯಾಬು ಸೇರಿದೆ. ಬಾವಿಯ ನೀರು, ಚಿಮಣಿಯ ಹೊಗೆ, ಕಲ್ಲುಗಣಿಯ ಧೂಳು ಇವನ್ನು ಅಳೆದು ಕಾಗದ ಬರೆದುಕೊಡುವುದು ಆ ಲ್ಯಾಬಿನ ಕಸುಬು. ಕೆಲಸಗಾರರು ಉಸಿರಾಡುವ ಗಾಳಿಯಲ್ಲಿ ಧೂಳು ಎಷ್ಟಿದೆ ಎಂದು ಗಣಿಯವರು ಆಗಾಗ ಅಳೆಸಿ ಫೈಲಿನಲ್ಲಿ ಇಟ್ಟುಕೊಳ್ಳಬೇಕು. ಅಳೆಯುವವಳು ನಾನು, ಕೆಳಗೆ ಸಹಿ ಹಾಕುವವಳೂ ನಾನೇ.

ಅಳೆಯುವ ಯಂತ್ರ ದೊಡ್ಡದೇನಲ್ಲ. ಸೊಂಟದ ಪಟ್ಟಿಗೆ ಸಿಕ್ಕಿಸುವ ಒಂದು ಪುಟ್ಟ ಪಂಪು. ಅದರಿಂದ ಹೊರಟ ಕೊಳವೆ ಬೆನ್ನ ಮೇಲಿಂದ ಹೆಗಲು ದಾಟಿ ಬಂದು ಅಂಗಿಯ ಕಾಲರಿನ ಹತ್ತಿರ ನಿಲ್ಲುತ್ತದೆ. ಅಲ್ಲಿ, ಮೂಗಿನಿಂದ ಗೇಣು ದೂರದಲ್ಲಿ, ಬೆರಳುದ್ದದ ಲೋಹದ ಬಟ್ಟಲು. ಬಟ್ಟಲೊಳಗೆ ಹಳೆಯ ರೂಪಾಯಿಯಷ್ಟು ಅಗಲದ ಬಿಳಿ ಕಾಗದ. ಕಲ್ಲು ಕೊರೆಯುವವನು ದಿನವಿಡೀ ಉಸಿರೆಳೆಯುತ್ತಾನೆ, ಅವನ ಪಕ್ಕದಲ್ಲೇ ಪಂಪೂ ಗಾಳಿ ಎಳೆಯುತ್ತದೆ, ಧೂಳು ಕಾಗದದ ಮೇಲೆ ಕೂರುತ್ತದೆ. ಬೆಳಗ್ಗೆ ತೂಗಿಟ್ಟ ಕಾಗದವನ್ನು ಮರುದಿನ ಮತ್ತೆ ತೂಗಿದರೆ ಅವನೊಳಗೆ ಏನು ಹೋಯಿತೆಂದು ಅಂದಾಜು ಸಿಗುತ್ತದೆ.

ನಾನು ಹೇಳಹೊರಟಿರುವ ಗಣಿಗೆ ಮೊದಲ ಸಲ ಹೋದದ್ದು ಒಂದು ಬೇಸಿಗೆಯ ಆರಂಭದಲ್ಲಿ. ಸೇಲಂನಿಂದ ತೊಪ್ಪೂರು ಕಣಿವೆ ಹತ್ತಿ ಇಳಿದು, ಧರ್ಮಪುರಿ ದಾಟಿ, ಕಾರಿಮಂಗಲಂ ಕಡೆಗೆ. ಟಾರು ರಸ್ತೆ ಬಿಟ್ಟು ಮಣ್ಣುದಾರಿಗೆ ತಿರುಗಿದ ಕೂಡಲೇ ಹುಣಸೆಮರಗಳ ಬಣ್ಣ ಹೋಯಿತು. ಎಲೆಯ ಮೇಲೆಲ್ಲ ಬೂದುಬಿಳಿ ಪುಡಿ. ಕಾಡುಗಲ್ಲಿನ ಒಂದು ಇಡೀ ಗುಡ್ಡವನ್ನು ಮೆಟ್ಟಿಲು ಮೆಟ್ಟಿಲಾಗಿ ಕತ್ತರಿಸಿದ್ದರು. ಮೇಲಿನ ಮೆಟ್ಟಿಲುಗಳಲ್ಲಿ ಬಿಳಿ ಮೋಡ ಎದ್ದು ನಿಂತಿತ್ತು, ಮೋಡದೊಳಗಿಂದ ಯಂತ್ರಗಳ ಕಿರುಚಾಟ ಬರುತ್ತಿತ್ತು, ಜನ ಮಾತ್ರ ಕಾಣುತ್ತಿರಲಿಲ್ಲ.

ಗಣಿಯ ಮ್ಯಾನೇಜರ್ ಗಮಗಮ ಪೌಡರು ಹಚ್ಚಿಕೊಂಡ ಮನುಷ್ಯ. ನನಗಾಗಿ ಕುರ್ಚಿಯನ್ನು ಟವೆಲಿನಿಂದ ಒರೆಸಿದ. ಒರೆಸಿದ ಜಾಗದಲ್ಲಿ ಅಗಲವಾದ ಕಪ್ಪು ಪಟ್ಟೆ ಮೂಡಿತು, ಅಷ್ಟು ಧೂಳು ಕುಳಿತಿತ್ತು. ಆ ಟವೆಲನ್ನು ಕೈಯಲ್ಲಿ ಹಿಡಿದುಕೊಂಡೇ, "ಇಂಗ ಡಸ್ಟೇ ಇಲ್ಲೆ ಮೇಡಂ," ಅಂದ, ಇಲ್ಲಿ ಧೂಳೇ ಇಲ್ಲವಂತೆ. ಅವನ ಮುಖ ನೋಡಿದೆ. ನಗು ಇರಲಿಲ್ಲ, ನಾಚಿಕೆಯೂ ಇರಲಿಲ್ಲ.

ಆಮೇಲೆ ಒಂದು ರಿಜಿಸ್ಟರು ತೋರಿಸಿದ. 'ಧೂಳು ನಿಯಂತ್ರಣ ಕ್ರಮಗಳು' ಎಂದು ತಮಿಳಿನಲ್ಲಿ ತಲೆಬರಹ. ಕೆಳಗೆ ಸಾಲಾಗಿ ಕೆಲಸಗಾರರ ಸಹಿ, ಹೆಬ್ಬೆಟ್ಟು. ಪ್ರತಿ ಶನಿವಾರ ಒಬ್ಬೊಬ್ಬರಿಗೂ ಒಂದೊಂದು ಅಚ್ಚು ಬೆಲ್ಲ ಕೊಟ್ಟ ದಾಖಲೆ ಅದು. ಬೆಲ್ಲ ತಿಂದರೆ ಎದೆಗೆ ಹೋದ ಧೂಳು ಜಾರಿ ಹೊಟ್ಟೆಗೆ ಇಳಿದುಬಿಡುತ್ತದಂತೆ. ಕೆಲಸಗಾರರೂ ಅದನ್ನು ನಂಬಿದ್ದರು, ಮ್ಯಾನೇಜರಿಗೆ ಅವರು ನಂಬಿದ್ದೇ ಬೇಕಾಗಿತ್ತು. ಉಸಿರಿನ ದಾರಿ ಬೇರೆ, ಊಟದ ದಾರಿ ಬೇರೆ ಎಂದು ಏಳನೇ ಕ್ಲಾಸಿನ ಮಗುವಿಗೂ ಗೊತ್ತು. ನನಗೂ ಗೊತ್ತಿತ್ತು. ಆದರೂ ಬಾಯಿ ಬಿಡಲಿಲ್ಲ. ನನಗೂ ಎರಡು ಅಚ್ಚು ಕಾಗದದಲ್ಲಿ ಸುತ್ತಿ ಕೊಟ್ಟ. ತಂದು ಅಮ್ಮನ ಕೈಗಿಟ್ಟೆ. ಅಮ್ಮ ಪಾಯಸ ಮಾಡಿದಳು, ಎರಡು ಸಲ ಹಾಕಿಸಿಕೊಂಡು ಕುಡಿದೆ. ಥೂ!

ಯಂತ್ರ ಕಟ್ಟಲು ಒಬ್ಬ ಕೊರೆಯುವವನನ್ನು ಕೆಳಗೆ ಕರೆಸಿದರು. ನಲವತ್ತರ ಆಸುಪಾಸಿನ ಸಣಕಲು ಮನುಷ್ಯ. ಅಷ್ಟು ಹೊತ್ತಿಗೆ ನನಗೆ ಅಮ್ಮನ ಫೋನು ಬಂತು. "ಇಲ್ಲಿ ಕೂರಕ್ಕೂ ಜಾಗ ಇಲ್ಲಮ್ಮ, ಒರೇ ಗಲೀಜು," ಎಂದು ನಾನು ಸಿಡುಕುತ್ತಿದ್ದುದನ್ನು ಅವನು ಕೇಳಿಸಿಕೊಂಡ. ಫೋನು ಇಟ್ಟ ಮೇಲೆ, "ಮೇಡಂ ನಮ್ ಬಾಸೆಯೋರಾ?" ಎಂದು ಕೇಳಿ ಮುಖವೆಲ್ಲ ಬಾಯಾಗಿ ನಕ್ಕ. ಮಾರಂಡಹಳ್ಳಿ ಹತ್ತಿರದ ಊರಂತೆ. ಮನೆಯಲ್ಲಿ ಅಣ್ಣ ರಾಗಿ, ಟೊಮೆಟೊ ನೋಡಿಕೊಳ್ಳುತ್ತಾನಂತೆ, ಇವನಿಗೆ ಹದಿನೆಂಟಕ್ಕೇ ಕಲ್ಲಿನ ಕೆಲಸ ಹಿಡಿಸಿತಂತೆ.

ನಾನು ಯಂತ್ರವನ್ನು ಅವನ ಸೊಂಟಕ್ಕೆ ಸಿಕ್ಕಿಸಿದೆ. ಅವನ ಅಂಗಿ ಮುಟ್ಟಬೇಕಾಯಿತಲ್ಲ ಎಂದು ಎರಡು ಬೆರಳಿನ ತುದಿಯಲ್ಲಿ ಕಾಲರು ಹಿಡಿದು ಬಟ್ಟಲನ್ನು ಪಿನ್ನಿನಿಂದ ಸಿಕ್ಕಿಸಿದೆ. ಆಮೇಲೆ ಎಚ್ಚರಿಸಿದೆ: "ಜೋಪಾನ ಆಯ್ತಾ? ತುಂಬಾ ಕಾಸ್ಟ್ಲಿ ಮಿಷಿನ್ನು. ಏನಾದ್ರೂ ಆಯ್ತು ಅಂದ್ರೆ ನನ್ನ ವೇಲೆ ಹೋಗತ್ತೆ." ವೇಲೆ ಎಂದರೆ ತಮಿಳಿನಲ್ಲಿ ಕೆಲಸ. ಅವನು ಗಂಭೀರವಾಗಿ ತಲೆಯಾಡಿಸಿದ.

"ನನ್ ಮಗೀನಂಗೆ ನೋಡ್ಕೊಂತೀನಿ ಮೇಡಂ. ಯೋಚ್ನೆ ಬುಡ್ರಿ."

ನಿಯಮದ ಪ್ರಕಾರ ನಾನು ಗಂಟೆಗೊಮ್ಮೆ ಮೇಲೆ ಹತ್ತಿ ಯಂತ್ರ ಸರಿಯಾಗಿದೆಯೇ ಎಂದು ನೋಡಿ ಬರೆದುಕೊಳ್ಳಬೇಕು. ಬೆಳಗ್ಗೆ ಒಂದು ಸಲ ಹೋದೆ. ಹೋದಾಗ ನೀರು ಬಿಟ್ಟಿದ್ದರು. ಕೊರೆಯುವ ಸರಳಿನ ನಡುವೆ ಒಂದು ತೂತು ಇರುತ್ತದೆ. ಅದರೊಳಗಿಂದ ನೀರು ಹರಿಸಿದರೆ ಧೂಳು ಹುಟ್ಟಿದಲ್ಲೇ ಕೆಸರಾಗಿ ಇಳಿದುಹೋಗುತ್ತದೆ, ಗಾಳಿಗೆ ಏಳುವುದಿಲ್ಲ. ದೊಡ್ಡ ವಿಜ್ಞಾನ ಏನಿಲ್ಲ ಇದರಲ್ಲಿ. ಪೈಪು ಇತ್ತು, ತೊಟ್ಟಿ ಇತ್ತು, ವಾಲ್ವು ಇತ್ತು. ಆದರೆ ನೀರಿಗೆ ಟ್ಯಾಂಕರ್ ತರಿಸಬೇಕು, ನೀರು ಹಾಕಿ ಕೊರೆದರೆ ಕೆಲಸ ನಿಧಾನ. ಕೊರೆಯುವವರಿಗೂ ಮೊಣಕಾಲಿನವರೆಗೆ ಕೆಸರು ಎರಚುವುದು ಬೇಡ. ಹೀಗೆ ಎಲ್ಲರಿಗೂ ಒಪ್ಪಿಗೆಯಾಗಿ ವಾಲ್ವು ಮುಚ್ಚಿಯೇ ಇರುತ್ತಿತ್ತು. ಯಾರಾದರೂ ಹೊರಗಿನವರು ಗುಡ್ಡ ಹತ್ತಿದರೆ ಮಾತ್ರ ತೆರೆಯುತ್ತಿತ್ತು.

ಒಂದು ಸಲ ನೋಡಿ ಇಳಿದೆ. ನನ್ನ ಚೂಡಿದಾರದ ಅಂಚಿಗೆ ಕೆಸರು ಹತ್ತಿತ್ತು, ಹಲ್ಲಿನ ನಡುವೆ ಕರಕರ ಅನ್ನುತ್ತಿತ್ತು. ಸಾಕಪ್ಪಾ ಅಂತ ಮ್ಯಾನೇಜರನ ಏಸಿ ರೂಮಿನಲ್ಲಿ ಕೂತೆ. ಕೂತ ಐದೇ ನಿಮಿಷಕ್ಕೆ ಮೇಲಿನ ಸದ್ದು ಬದಲಾಯಿತು. ನೀರಿನಲ್ಲಿ ಕೊರೆಯುವಾಗ ಯಂತ್ರ ಗೊಗ್ಗರು ದನಿಯಲ್ಲಿ ಗೊಣಗುತ್ತದೆ, ಒಣಗಿದ ಕಲ್ಲಿನಲ್ಲಿ ಕಿರುಚುತ್ತದೆ. ಅದು ಕಿರುಚತೊಡಗಿತು. ನನಗೆ ಚೆನ್ನಾಗಿಯೇ ಕೇಳಿಸಿತು. ನಾನು ಬಿಸ್ಕತ್ತು ತಿನ್ನುತ್ತ, ಗಂಟೆಗೊಂದರಂತೆ ತುಂಬಬೇಕಾದ ಎಂಟು ಖಾನೆಗಳನ್ನು ಒಟ್ಟಿಗೇ ತುಂಬಿದೆ.

ಸಂಜೆ ಅವನು ಇಳಿದು ಬಂದ. ರೆಪ್ಪೆಯ ಮೇಲೆ, ಮೀಸೆಯ ಮೇಲೆ, ಕಿವಿಯ ಹಳ್ಳದಲ್ಲಿ, ಎಲ್ಲೆಲ್ಲೂ ಬಿಳಿ. ಉಗುಳಿದರೆ ಅದೂ ಬಿಳಿ, ಅಂಟಂಟು. ನಾನು ಮುಖ ತಿರುಗಿಸಿದೆ. ಆದರೆ ಯಂತ್ರ ಮಾತ್ರ ಬೆಳಗ್ಗೆ ಕೊಟ್ಟಾಗ ಇದ್ದುದಕ್ಕಿಂತ ಚೊಕ್ಕಟವಾಗಿತ್ತು. ಬಟ್ಟಲು ಫಳಫಳ. ಆ ಇಡೀ ಗುಡ್ಡದಲ್ಲಿ ಧೂಳಿಲ್ಲದ ವಸ್ತು ಅದೊಂದೇ.

ಹೇಗೆಂದು ಕೇಳುವ ಅಗತ್ಯವೇ ಇರಲಿಲ್ಲ. ಅವನು ಹೆಮ್ಮೆಯಿಂದ ಜೇಬಿನಿಂದ ತೆಗೆದು ತೋರಿಸಿದ: ಹಳೆಯ ಪಂಚೆಯ ಒಂದು ತುಂಡು, ಒಗೆದದ್ದು, ಎರಡು ಮಡಿಕೆ ಮಾಡಿ ರಬ್ಬರ್ ಬ್ಯಾಂಡು ಹಾಕಿ ಬಟ್ಟಲಿನ ಬಾಯಿಗೆ ಕಟ್ಟಿದ್ದನಂತೆ. "ದೂಳು ಒಳೀಕೆ ಓಗ್ಬುಟ್ರೆ ಮಿಸಿನ್ನು ಕೆಟ್ಟೋಯ್ತದಲ್ಲ, ಅದ್ಕೇ," ಅಂದ. ತನ್ನ ಮೂಗಿಗೆ ಅವನು ಏನನ್ನೂ ಕಟ್ಟಿರಲಿಲ್ಲ. ಕಂಪನಿ ಕೊಟ್ಟ ತೆಳು ಮಾಸ್ಕಿನಲ್ಲಿ ಉಸಿರು ಕಟ್ಟುತ್ತದೆಂದು ಅದನ್ನು ಎಲ್ಲೋ ಎಸೆದಿದ್ದ.

ಆಗ ನಾನು ಹೇಳಬೇಕಾಗಿದ್ದ ಮಾತು ಒಂದೇ: ಅಯ್ಯೋ, ಧೂಳು ಒಳಗೆ ಹೋಗಲೆಂದೇ ಇದನ್ನು ಕಟ್ಟಿದ್ದು, ಇವತ್ತಿನ ಕೆಲಸ ಕೆಟ್ಟಿತು, ನಾಳೆ ಮತ್ತೆ ಮಾಡಬೇಕು. ನಾಳೆ ಮತ್ತೆ ಮಾಡುವುದೆಂದರೆ ಮತ್ತೆ ಆ ದಾರಿ, ಆ ಕುರ್ಚಿ, ಆ ಕರಕರ. ನಾನು ಚೊಕ್ಕಟವಾದ ಯಂತ್ರವನ್ನು ಕೈಗೆ ತೆಗೆದುಕೊಂಡೆ. ಎಷ್ಟೋ ಗಣಿಗಳಿಂದ ಅದು ಜಿಡ್ಡು ಹಿಡಿದು ಬರುತ್ತಿತ್ತು, ನಾನೇ ಮೂಗು ಮುಚ್ಚಿಕೊಂಡು ತೊಳೆಯಬೇಕಾಗುತ್ತಿತ್ತು. "ಭೇಷ್! ಇಷ್ಟು ನೀಟಾಗಿ ಯಾರೂ ವಾಪಸ್ ಕೊಟ್ಟಿಲ್ಲ," ಅಂದೆ. ಅವನು ಹಿಗ್ಗಿಹೋದ.

ಕಾಗದದ ತೂಕ ಹೆಚ್ಚೂಕಡಿಮೆ ಬೆಳಗ್ಗೆ ಇದ್ದಷ್ಟೇ ಇತ್ತು. ಲ್ಯಾಬಿನ ಯಜಮಾನರಿಗೆ ತೋರಿಸಿ, ಇದು ಸ್ವಲ್ಪ ಅನುಮಾನ ಸಾರ್ ಎಂದೆ, ಎಂದೆನೆಂದು ನೆನಪು. ಅವರು ಕನ್ನಡಕ ಏರಿಸಿ ನೋಡಿ, "ಬಿಳಿಯಾಗಿದ್ದರೆ ಒಳ್ಳೆಯದೇ ಅಲ್ಲವಾಮ್ಮಾ? ಸೈನ್ ಹಾಕು," ಅಂದರು. ಹಾಕಿದೆ. ಧೂಳು ಮಿತಿಯೊಳಗಿದೆ ಎಂದು ಟೈಪು ಮಾಡಿದ ಸಾಲಿನ ಕೆಳಗೆ, ನೀಲಿ ಇಂಕಿನಲ್ಲಿ, ಅಂದವಾದ ಸಹಿ.

ಮರುವರ್ಷ ಹೋದಾಗ ನಾನು ಯಂತ್ರ ಕೊಟ್ಟದ್ದು ಬೇರೊಬ್ಬನಿಗೆ. ಅವನು ನಾನು ನೋಡುತ್ತಿದ್ದಂತೆಯೇ ಜೇಬಿನಿಂದ ಬಿಳಿ ಬಟ್ಟೆ ತೆಗೆದ. ನಮ್ಮ ಮಾರಂಡಹಳ್ಳಿಯವನು ಎಲ್ಲರಿಗೂ ಕಲಿಸಿಕೊಟ್ಟಿದ್ದ, ಲ್ಯಾಬ್ ಮೇಡಮ್ಮಿಗೆ ಯಂತ್ರ ಚೊಕ್ಕಟವಾಗಿರಬೇಕು, ಇಲ್ಲದಿದ್ದರೆ ಅವರ ಕೆಲಸ ಹೋಗುತ್ತದೆ, ಪಾಪ, ಎಂದು. ಪಾಪ! ಅಷ್ಟು ಜನ ನನ್ನ ಕೆಲಸ ಉಳಿಸಲು ಬಟ್ಟೆ ಒಗೆದು ಮಡಿಸಿಟ್ಟುಕೊಂಡಿದ್ದರು. ಅವತ್ತೂ ನಾನು ತಡೆಯಲಿಲ್ಲ. ಅದರ ಮರುವರ್ಷವೂ ಇಲ್ಲ. ನಾಲ್ಕು ವರ್ಷ, ನಾಲ್ಕು ಬಿಳಿ ಕಾಗದ, ನಾಲ್ಕು ಸಹಿ. ಆ ದಿನಗಳಲ್ಲಿ ನನಗೆ ಹೇಸಿಗೆಯಾಗುತ್ತಿದ್ದುದು ಏನೆಂದರೆ ಬಸ್ಸಿನ ಕಂಬಿ, ಹೋಟೆಲಿನ ಲೋಟ.

ನಾಲ್ಕನೇ ಸಹಿಯಾದ ಕೆಲವು ತಿಂಗಳ ಮೇಲೆ ಒಬ್ಬ ಹೆಂಗಸು ಲ್ಯಾಬಿಗೆ ಬಂದಳು. ಧರ್ಮಪುರಿಯಿಂದ ಬೆಳಗಿನ ಬಸ್ಸು ಹಿಡಿದು, ಸೇಲಂ ಬಸ್‌ಸ್ಟ್ಯಾಂಡಿನಲ್ಲಿ ನಾಲ್ಕು ಜನರನ್ನು ಕೇಳಿಕೊಂಡು. ಕೈಯಲ್ಲಿ ಬಟ್ಟೆ ಅಂಗಡಿಯ ಪ್ಲಾಸ್ಟಿಕ್ ಕವರು. ಅದರಿಂದ ನಮ್ಮದೇ ವರದಿಯ ಜೆರಾಕ್ಸ್ ತೆಗೆದು ಮೇಜಿನ ಮೇಲೆ ಇಟ್ಟು, ಬೆರಳಿಟ್ಟು ಕೇಳಿದಳು.

"ಈ ಸೈನು ನಿಮ್ದಾ?"

ನನ್ನದೇ ಅಂದೆ. ತಾನು ಇಂಥವನ ಹೆಂಡತಿ ಎಂದು ಅವಳು ಹೇಳಿದಾಗ, ಮಗುವಿನ ಹಾಗೆ ನೋಡಿಕೊಳ್ಳುತ್ತೇನೆ ಎಂದಿದ್ದ ಮನುಷ್ಯನ ಮುಖ ನೆನಪಾಯಿತು. ಅವಳು ಕೂರಲಿಲ್ಲ. ನಿಂತೇ ಎಲ್ಲ ಹೇಳಿದಳು. ಗಂಡನಿಗೆ ಎರಡು ವರ್ಷದಿಂದ ಕೆಮ್ಮು. ಮೊದಲು ಟಿಬಿ ಅಂದರು, ಆರು ತಿಂಗಳು ಮಾತ್ರೆ ಕೊಟ್ಟರು. ಬಗ್ಗಲಿಲ್ಲ. ಮತ್ತೆ ಟಿಬಿ ಅಂದರು, ಮತ್ತೆ ಮಾತ್ರೆ. ಈಗ ಬೇರೊಬ್ಬ ಡಾಕ್ಟರಮ್ಮ ಎಕ್ಸ್‌ರೇ ನೋಡಿ, ಇದು ಕಲ್ಲಿನ ಧೂಳು ಎದೆಯಲ್ಲಿ ಕೂತ ಕಾಯಿಲೆಯ ಹಾಗಿದೆ ಅಂದಿದ್ದಾರೆ.

"ಅಂಗಂತ ಬರ್ಕೊಡಿ ಅಂದ್ರೆ, ಸರ್ಕಾರದ ಕಮಿಟಿ ಒಪ್ಬೇಕಂತೆ. ಕಮಿಟಿಯೋರು ಕಂಪನಿ ಪೇಪರ್ ನೋಡ್ತಾರಂತೆ. ಪೇಪರ್ನಾಗೆ ದೂಳೇ ಇಲ್ಲ ಅಂತ ಐತೆ. ಅಲ್ಲಿ ದೂಳಿಲ್ಲ ಅಂದ್ಮೇಲೆ ದೂಳಿನ ಕಾಯ್ಲೆ ಎಂಗ್ ಬಂತದೆ ಅಂತ ಕೇಳ್ತಾರೆ. ಆ ಚೀಟಿ ಸಿಕ್ರೆ ಕೊರ್ಯೋ ಕೆಲ್ಸ ಬುಡ್ಸಿ ಕೆಳಗೆ ಬೇರೆ ಕೆಲ್ಸ ಕೊಡ್ಬೇಕಂತೆ. ಸಿಕ್ದಿದ್ರೆ, ಟಿಬಿ ವಾಸಿಯಾಯ್ತು, ಓಗಿ ಕೊರಿ ಅಂತಾರೆ. ಈಗ ಅಂಗೇ ಓಗ್ತಾವ್ರೆ. ಡಾಕ್ಟ್ರಮ್ಮ ಏಳವ್ರೆ, ಇನ್ನೊಂದೆರಡು ವರ್ಸ ಅಂಗೇ ಕೊರುದ್ರೆ ಉಳ್ಯಾಕಿಲ್ಲ ಅಂತ."

ನಾನು ಏನೋ ತಾಂತ್ರಿಕ ವಿವರಣೆ ಶುರು ಮಾಡಿದೆ. ಮಾಪನ, ಮಿತಿ, ಆ ದಿನದ ಪರಿಸ್ಥಿತಿ. ನನ್ನ ದನಿ ನನಗೇ ಅಸಹ್ಯವಾಗಿ ಕೇಳುತ್ತಿತ್ತು, ಆ ಪೌಡರು ಹಚ್ಚಿದ ಮ್ಯಾನೇಜರನ ದನಿಯೇ ನನ್ನ ಬಾಯಿಂದ ಬರುತ್ತಿತ್ತು. ಅವಳು ಮಧ್ಯದಲ್ಲೇ ತಡೆದಳು.

"ಅವ್ರ ಬನೀನು ಒಗ್ಯೋಳು ನಾನಮ್ಮ. ಮೂರು ನೀರಾಗೆ ಜಾಲಾಡುದ್ರೂ ಬಕೀಟಿನ ತಳದಾಗೆ ಗಸಿ ನಿಂತ್ಕಂತದೆ. ಅಲ್ಲಿ ದೂಳೈತಾ ಇಲ್ವಾ ಅಂತ ನನ್ ಕೇಳ್ಬೋದಾಗಿತ್ತಲ್ಲ. ಎಲ್ಡೇ ಬಸ್ಸು."

ಅವಳು ಹೋದ ಮೇಲೆ ಬಾತ್‌ರೂಮಿಗೆ ಹೋಗಿ ಕೈ ತೊಳೆದೆ. ಯಾಕೆ ತೊಳೆದೆನೋ ಗೊತ್ತಿಲ್ಲ. ಸೋಪು ಹಚ್ಚಿ, ಉಗುರಿನ ಸಂದಿಯಲ್ಲೆಲ್ಲ ಉಜ್ಜಿ ತೊಳೆದೆ. ಕನ್ನಡಿಯಲ್ಲಿ ಮುಖ ನೋಡಿಕೊಳ್ಳಲು ಆಗಲಿಲ್ಲ.

ಆ ಭಾನುವಾರ ಮಾರಂಡಹಳ್ಳಿಗೆ ಹೋದೆ. ಅಲ್ಲಿಂದ ಆಟೋದಲ್ಲಿ ಅವರ ಊರಿಗೆ. ಅವನು ಜಗಲಿಯ ಮೇಲೆ ಗೋಡೆಗೆ ಒರಗಿ ಕೂತಿದ್ದ, ಮಲಗಿದರೆ ಉಸಿರು ಸಿಗುವುದಿಲ್ಲವೆಂದು. ನನ್ನನ್ನು ಕಂಡು ಎದ್ದು ನಿಲ್ಲಲು ಹೋಗಿ ಕೆಮ್ಮಿದ. ಆ ಕೆಮ್ಮು ನಿಲ್ಲುವುದನ್ನು ಕಾಯುತ್ತ ನಾನೂ ಅವನ ಹೆಂಡತಿಯೂ ನಿಂತಿದ್ದೆವು, ಆಮೇಲೆ ಅವಳು ಒಳಗೆ ಹೋದಳು. ನಾನು ಬಂದ ವಿಷಯ ಹೇಳಿದೆ. ಬಟ್ಟೆ ಕಟ್ಟಿದ್ದರಿಂದ ಧೂಳು ಕಾಗದಕ್ಕೆ ಹೋಗಲೇ ಇಲ್ಲ, ಅದಕ್ಕೇ ವರದಿಯಲ್ಲಿ ಧೂಳಿಲ್ಲ ಅಂತ ಬಂತು, ಹಾಗೆ ಕಟ್ಟಬಾರದಾಗಿತ್ತು, ಎಂದೆ.

ಅವನು ಸಿಟ್ಟಾಗಲಿಲ್ಲ, ಅದೇ ನನಗೆ ತಡೆಯಲಾಗಲಿಲ್ಲ.

"ನೀವೇ ಬೇಸ್ ಅಂದ್ರಲ್ಲ ಮೇಡಂ," ಅಂದ. "ನಾನು ಎಲ್ರುಗೂ ಏಳ್ಕೊಟ್ಟೆ."

"ನನಗೆ ಗೊತ್ತಿತ್ತು," ಅಂದೆ. "ಅವತ್ತೇ ಗೊತ್ತಿತ್ತು. ಸುಮ್ನೆ ಇದ್ದೆ. ತಪ್ಪು ನಿಮ್ಮದಲ್ಲ, ನಂದು."

ಅವನ ಹೆಂಡತಿ ಒಳಗಿನಿಂದ ಕಾಫಿ ತಂದವಳು ಹಾಗೇ ನಿಂತುಬಿಟ್ಟಳು. ಆಮೇಲೆ ಲೋಟವನ್ನು ನನ್ನ ಮುಂದೆ ನೆಲದ ಮೇಲೆ ಇಟ್ಟಳು, ಕೈಗೆ ಕೊಡಲಿಲ್ಲ. ಅದು ಸರಿಯಾಗಿಯೇ ಇತ್ತು. ಅಂಚಿನಲ್ಲಿ ಬೆರಳಿನ ಗುರುತು ಇದ್ದ ಲೋಟ. ಒಂದು ಹನಿ ಬಿಡದೆ ಕುಡಿದೆ.

ಹಳೆಯ ನಾಲ್ಕು ವರದಿಗಳು ಸುಳ್ಳೆಂದು ನಾನು ಬರೆದುಕೊಡಬಹುದಿತ್ತು, ಬರೆದೂ ಕೊಟ್ಟೆ. ಆದರೆ ಸುಳ್ಳೆಂದರೆ ಸಾಲದು, ನಿಜ ಎಷ್ಟೆಂದು ಬೇಕಲ್ಲ. ಅವನು ಕೊರೆಯುವ ಜಾಗದಲ್ಲಿ, ಎಂದಿನ ಹಾಗೆ ಕೆಲಸ ನಡೆಯುವಾಗ, ಒಂದು ದಿನ ಸರಿಯಾಗಿ ಅಳೆಯಬೇಕು. ನಾನು ಇದನ್ನು ಹೇಳುತ್ತಿದ್ದಂತೆಯೇ ಅವನು ದಾರಿ ಹೇಳಿದ.

"ನೀವು ಮ್ಯಾಲೆ ಬರ್ಬ್ಯಾಡ್ರಿ. ನೀವು ಬಂದ್ರೆ ನೀರ್ ಬುಡ್ತಾರೆ. ಬೆಳಿಗ್ಗೆ ಟೀ ಅಂಗ್ಡಿ ತಾವ ಕಟ್ಬುಡ್ರಿ, ನಾನು ಅಂಗೇ ಅತ್ಕೊಂಡು ಓಯ್ತೀನಿ. ಮ್ಯಾನೇಜ್ರು ದೂಳಿನ ತಾವ್ಕೆ ಬರೋ ಆಳೇ ಅಲ್ಲ."

"ನಿಮ್ಮ ಬದಲು ಬೇರೆ ಯಾರಾದ್ರೂ..."

"ಕಾಯ್ಲೆ ನಂದಲ್ವಾ? ನಾನೆಂಗೂ ಓಗೋದೇ. ಇದೊಂದ್ ದಿನ ಮಿಸಿನ್ ಜೊತೆಗೆ ಬಂತದೆ, ಅಷ್ಟೇ."

ನಾನು ಬೇಗ ಒಪ್ಪಿಕೊಂಡೆ, ಬೇಡವೆಂದು ಎರಡನೇ ಸಲ ಹೇಳಲಿಲ್ಲ. ಹಾಗೆ ಒಪ್ಪಿದ ನನ್ನ ಬಾಯಿಯ ಬಗ್ಗೆ ನನಗೆ ಇವತ್ತಿಗೂ ವಾಕರಿಕೆ.

ಮುಂದೆ ಆದದ್ದನ್ನು ಇಲ್ಲೇ ಹೇಳಿಬಿಡುತ್ತೇನೆ, ಏಕೆಂದರೆ ನನ್ನ ಮನಸ್ಸು ಬಂದು ನಿಲ್ಲುವುದು ಅಲ್ಲಲ್ಲ. ಆ ದಿನದ ಕಾಗದವನ್ನು ತೂಗಲು ತಕ್ಕಡಿಗೆ ಇಟ್ಟಾಗ ಅದು ಬಿಳಿಯಾಗಿರಲಿಲ್ಲ, ಸಿಮೆಂಟಿನ ಬಣ್ಣಕ್ಕೆ ತಿರುಗಿತ್ತು. ಮಿತಿ ಎಲ್ಲೋ ಕೆಳಗೆ ಉಳಿದಿತ್ತು. ಡಾಕ್ಟರಮ್ಮ ಅದನ್ನೂ ನನ್ನ ತಪ್ಪೊಪ್ಪಿಗೆಯ ಪತ್ರವನ್ನೂ ಫೈಲಿಗೆ ಸೇರಿಸಿದರು. ಕಮಿಟಿ ಒಪ್ಪಿತು, ಅವನಿಗೆ ಚೀಟಿ ಸಿಕ್ಕಿತು. ಕೊರೆಯುವುದನ್ನು ಬಿಡಿಸಿ ಕೆಳಗಿನ ಗೇಟಿನಲ್ಲಿ ಕೂರಿಸಿದ್ದಾರೆ. ಎದೆಯಲ್ಲಿ ಕೂತ ಕಲ್ಲಂತೂ ಎದ್ದು ಹೋಗುವುದಿಲ್ಲ. ಗೇಟು ತೆಗೆದು ಹಾಕುವಷ್ಟರಲ್ಲೇ ಏದುಸಿರು. ಗಣಿಗೆ ಅಧಿಕಾರಿಗಳು ಬಂದು ಹೋದ ಮೇಲೆ ವಾಲ್ವನ್ನು ತೆರೆದಿಟ್ಟು ಅದರ ಹಿಡಿಕೆಯನ್ನೇ ಕತ್ತರಿಸಿ ತೆಗೆದಿದ್ದಾರಂತೆ, ಯಾರೂ ಮುಚ್ಚದಿರಲಿ ಎಂದು. ಶನಿವಾರದ ಬೆಲ್ಲ ಈಗಲೂ ಕೊಡುತ್ತಾರಂತೆ. ಅವತ್ತು ಹೇಳದೆ ಕೇಳದೆ ಒಯ್ದಿದ್ದೆನಲ್ಲ, ನನ್ನನ್ನು ಲ್ಯಾಬಿನ ಯಜಮಾನರು ಯಂತ್ರ ಕದ್ದೊಯ್ದವಳು ಎಂದು ಕರೆದು ಮನೆಗೆ ಕಳಿಸಿದರು. ಈಗ ಒಂದು ಜವ್ವರಿಸಿ, ಅಂದರೆ ಸಬ್ಬಕ್ಕಿಯ, ಕಾರ್ಖಾನೆಯಲ್ಲಿ ಪಿಷ್ಟ ಪರೀಕ್ಷೆ ಮಾಡುತ್ತೇನೆ. ಅಲ್ಲೂ ಬಿಳಿ ಪುಡಿಯೇ. ಕೈ ತೊಳೆಯುವುದು ಕಡಿಮೆಯಾಗಿಲ್ಲ.

ನನ್ನ ಮನಸ್ಸು ಬಂದು ನಿಲ್ಲುವುದು ಆ ಟೀ ಅಂಗಡಿಯಲ್ಲಿ. ಮಣ್ಣುದಾರಿ ಟಾರು ರಸ್ತೆಗೆ ಸೇರುವ ಕಡೆ, ಗುಡ್ಡದ ಬುಡದಲ್ಲಿ. ಬೆಳಗ್ಗೆ ಏಳೂವರೆಗೆ ಅವನ ಸೊಂಟಕ್ಕೆ ಪಂಪು ಸಿಕ್ಕಿಸಿ ಅಂಗಿ ಇಳಿಬಿಟ್ಟೆ. ಕಾಲರಿಗೆ ಬಟ್ಟಲು ಸಿಕ್ಕಿಸಿದೆ. "ಒರೆಸಬೇಡಿ, ಮುಟ್ಟಬೇಡಿ, ಏನೂ ಕಟ್ಟಬೇಡಿ," ಎಂದು ಮೂರು ಸಲ ಹೇಳಿದೆ. ಅವನು ಮಗ್ಗಿ ಒಪ್ಪಿಸುವ ಹುಡುಗನ ಹಾಗೆ ಮೂರನ್ನೂ ತಿರುಗಿ ಹೇಳಿ ಹತ್ತಿಹೋದ. ನಡುವೆ ಎರಡು ಕಡೆ ನಿಂತು ಸುಧಾರಿಸಿಕೊಂಡ.

ಎಂಟು ಗಂಟೆಗೆ ಸದ್ದು ಶುರುವಾಯಿತು. ಮೊದಲ ಕ್ಷಣದಿಂದಲೇ ಕಿರುಚು, ಒಣ ಕಲ್ಲಿನ ಕಿರುಚು. ನನಗೆ ಬೇಕಾಗಿದ್ದುದು ಅದೇ ಸದ್ದು. ಅದು ನಿಲ್ಲದಿರಲಿ, ನೀರು ಬಾರದಿರಲಿ ಎಂದು ನಾನು ಬೆಂಚಿನ ಮೇಲೆ ಕೂತು ಬೇಡಿಕೊಳ್ಳುತ್ತಿದ್ದೆ. ಯಾರಿಗಾಗಿ, ಏತಕ್ಕಾಗಿ ಎಂದು ಗೊತ್ತಿದ್ದರೂ ಆ ಬೇಡಿಕೆಯ ಹೊಲಸು ಹೋಗುವುದಿಲ್ಲ. ಹತ್ತು ಗಂಟೆಗೆ ಮ್ಯಾನೇಜರನ ಜೀಪು ಹಾದುಹೋಯಿತು. ದುಪಟ್ಟಾದಿಂದ ಮುಖ ಮುಚ್ಚಿಕೊಂಡೆ. ಅಂಗಡಿಯವಳು ವಡೆಗಳ ಮೇಲೆ ಪೇಪರು ಮುಚ್ಚಿದ್ದಳು, ಪೇಪರಿನ ಮೇಲೆ ಧೂಳು ಕೂತಿತ್ತು, ಪೇಪರು ಎತ್ತಿದಾಗಲೆಲ್ಲ ಅದು ವಡೆಗೆ ಜಾರುತ್ತಿತ್ತು. ನಾನು ತಿಂದೆ. ಟೀಯ ಮೇಲೆ ಕೆನೆಯ ಹಾಗೆ ಬಿಳಿ ಪದರ ನಿಂತಿತ್ತು, ಅದನ್ನೂ ಕುಡಿದೆ.

ಮಧ್ಯಾಹ್ನದ ಹೊತ್ತಿಗೆ ಕೆಮ್ಮು ಕೇಳಿಸಿದ ಹಾಗಾಯಿತು. ಅಷ್ಟು ದೂರಕ್ಕೆ, ಆ ಸದ್ದಿನೊಳಗೆ ಕೇಳಿಸಲು ಸಾಧ್ಯವೇ ಇಲ್ಲ. ಆದರೂ ಎದ್ದು ನಿಂತೆ. ಮಣ್ಣುದಾರಿಯಲ್ಲಿ ಹತ್ತು ನಿಮಿಷ ನಡೆದರೆ ಸಾಕು. ನನ್ನ ತಲೆ ಕಂಡ ಕೂಡಲೇ ಯಾರೋ ಓಡಿ ವಾಲ್ವು ತಿರುಗಿಸುತ್ತಾರೆ, ಕಿರುಚು ನಿಂತು ಗೊಣಗಾಟ ಶುರುವಾಗುತ್ತದೆ, ಮೋಡ ಇಳಿಯುತ್ತದೆ. ಅವನಿಗೆ ಅರ್ಧ ದಿನದ ಒಳ್ಳೆಯ ಉಸಿರು ಸಿಗುತ್ತದೆ. ನಾಲ್ಕು ವರ್ಷ ಹತ್ತಬೇಕಾದಾಗ ಹತ್ತದೆ ಏಸಿಯಲ್ಲಿ ಕೂತಿದ್ದವಳು, ಈಗ ಹತ್ತಿದರೆ ಅವನ ಚೀಟಿ ಹೋಗುತ್ತದೆಂದು ಮತ್ತೆ ಕೂತೆ. ಆ ಪಂಪು ಎಳೆಯುವುದು ನಿಮಿಷಕ್ಕೆ ಒಂದೆರಡು ಲೀಟರು ಗಾಳಿ. ಕಲ್ಲು ಕೊರೆಯುವ ಗಂಡಾಳು ಅದರ ಹತ್ತು ಪಾಲು ಎಳೆಯುತ್ತಾನೆ. ಕಾಗದ ತುಂಬಲೆಂದು ನಾನು ಕಾಯುತ್ತಿದ್ದಾಗ ತುಂಬುತ್ತಿದ್ದುದು ಹೆಚ್ಚಾಗಿ ಅವನೇ.

ಐದು ಗಂಟೆ ದಾಟಿದ ಮೇಲೆ ಇಳಿದು ಬಂದ. ಎಂದಿನ ಹಾಗೆ ರೆಪ್ಪೆ ಬಿಳಿ, ಮೀಸೆ ಬಿಳಿ. ಈ ಸಲ ಯಂತ್ರವೂ ಬಿಳಿ. ಕೊಳವೆಯ ಮೇಲೆ, ಬಟ್ಟಲಿನ ಮೇಲೆ, ಎಲ್ಲ ಕಡೆ ಹಿಟ್ಟಿನ ಹಾಗೆ ಅಂಟಿತ್ತು. ಅಂಗಡಿಯ ಬೆಂಚಿನ ಮೇಲೆ ಒಂದು ಪೇಪರು ಹಾಸಿ, ತಾನೇ ಅದನ್ನು ಬಿಚ್ಚಿ ಮೆಲ್ಲಗೆ ಇಟ್ಟ. ನನ್ನ ಕಡೆ ನೋಡಿ, ತಪ್ಪು ಮಾಡಿದವನಂತೆ ನಕ್ಕ.

"ಈ ಸಲ ಬೋ ಗಲೀಜಾಗ್ಬುಡ್ತು ಮೇಡಂ. ಒರ್ಸೋಕೆ ನೀವೇ ಬ್ಯಾಡ ಅಂದ್ರಿ."

ಅವನ ತೋಳು ಹಿಡಿದು ಬೆಂಚಿನ ಮೇಲೆ ಕೂರಿಸೋಣವೆಂದು ಎರಡು ಹೆಜ್ಜೆ ಮುಂದೆ ಹೋದೆ. ಅವನು ತಟ್ಟನೆ ಹಿಂದೆ ಸರಿದ. ಗಾಳಿ ಅವನ ಕಡೆಯಿಂದ ನನ್ನ ಕಡೆಗೆ ಬೀಸುತ್ತಿತ್ತು.

"ಇರ್ರಿ, ಇರ್ರಿ. ಮೈ ಕೊಡವ್ಕೊಂತೀನಿ, ನಿಮ್ ಬಟ್ಟೆ ಮ್ಯಾಲೆ ಬೀಳ್ತದೆ. ಒಸಿ ಅತ್ಲಾಗೆ ನಿಂತ್ಕೊಳ್ರಿ."

ನಾನು ಅತ್ತ ಸರಿದು ನಿಂತೆ.